ಬಟ್ಟಲು ಮುಳುಗುವ ಹೊತ್ತು

ಕಿನ್ನಾಳ, ತಾ. ಕೊಪ್ಪಳ
ಗುರುವಾರ, 12 ಡಿಸೆಂಬರ್ 2024
ಮಧ್ಯಾಹ್ನ, ಊಟದ ಮೇಲೆ

ಪ್ರೀತಿಯ ರೂಪಾ,

ಹೆಸರಿನ ಮುಂದೆ ಚಿ. ಸೌ. ಎಂದು ಬರೆಯುವುದು ಪದ್ಧತಿ. ಮರೆತು ಬರೀ ಹೆಸರು ಬರೆದುಬಿಟ್ಟೆ. ಇರಲಿ, ನಿನ್ನ ಸೌಭಾಗ್ಯ ನಿನ್ನ ಹತ್ತಿರ ಗಟ್ಟಿಯಾಗಿದೆ, ಎರಡಕ್ಷರ ಬಿಟ್ಟರೆ ಓಡಿಹೋಗುವುದಿಲ್ಲ. ನಿನ್ನ ಸೊಂಟ ನೋವು ಹೇಗಿದೆ? ಬಾಣಂತನ ಮುಗಿದು ಇಷ್ಟು ದಿನವಾದರೂ ಬಗ್ಗಿ ಕಸ ಹೊಡೆಯುವಾಗ ಗೋಡೆ ಹಿಡಿಯುತ್ತೀ ಎಂದು ಕೇಳಿದೆ. ದೀಪಾವಳಿಗೆ ಅಂಟಿನುಂಡೆ ಕಟ್ಟಿ ಕಳಿಸಿದ್ದೆನಲ್ಲ, ಅದನ್ನು ನೀನು ತಿಂದೆಯೋ, ಇಲ್ಲ ಬಂದವರಿಗೆಲ್ಲ ಹಂಚಿ ಕೈ ತೊಳೆದುಕೊಂಡೆಯೋ? ನಿನ್ನ ಕೈ ನನಗೆ ಗೊತ್ತು. ಸಿದ್ದಾಪುರದಲ್ಲಿ ಈಗ ಭತ್ತ ಕೊಯ್ಯುವ ಮಷೀನುಗಳು ಓಡಾಡುವ ದಿನ, ಊರೆಲ್ಲ ಧೂಳಿರುತ್ತದೆ. ಕೂಸಿನ ಕಿವಿ ನೆತ್ತಿ ಮುಚ್ಚದೆ ಹೊರಗೆ ಒಯ್ಯಬೇಡ. ನಿನ್ನ ಅತ್ತೆ ಅನುಸೂಯಾ ಅವರ ಮಂಡಿಗೆ ಎಕ್ಕೆಯ ಎಲೆ ಬಿಸಿ ಮಾಡಿ ಕಟ್ಟು. ನನಗಿಂತ ಒಳ್ಳೆಯ ಅತ್ತೆ ನಿನಗೆ ಸಿಕ್ಕಿದ್ದಾರೆ, ಆ ಹೊಟ್ಟೆಕಿಚ್ಚು ನನಗೆ ಸ್ವಲ್ಪ ಇದೆ. ಇಲ್ಲಿ ನಿನ್ನ ಮಾವ ಆರಾಮಾಗಿದ್ದಾರೆ, ಕೆಮ್ಮು ಬಿಟ್ಟಿಲ್ಲ, ಬೀಡಿಯನ್ನು ಅವರು ಬಿಟ್ಟಿಲ್ಲ.

ಫೋನಿರುವಾಗ ಈ ಮುದುಕಿಗೆ ಪತ್ರದ ಹುಚ್ಚೇಕೆ ಎಂದುಕೊಳ್ಳಬೇಡ. ಫೋನಿನಲ್ಲಿ ನೀನು "ಹೂಂ ಅತ್ತಿ, ಆರಾಮ ಅದೀವ್ರಿ, ನೀವು?" ಅನ್ನುತ್ತೀ. ಆಮೇಲೆ ನಿನ್ನ ಉಸಿರು ಮಾತ್ರ ಕೇಳಿಸುತ್ತದೆ. ಅಂಗನವಾಡಿಯಲ್ಲಿ ಊರ ಮಕ್ಕಳನ್ನೆಲ್ಲ ಮಾತಾಡಿಸಿದವಳಿಗೆ ನಿನ್ನ ಬಾಯಿ ಬಿಡಿಸಲು ಆಗಲಿಲ್ಲ ನೋಡು. ಹಾಗಾಗಿ ಬರೆಯುತ್ತಿದ್ದೇನೆ. ಕುಷ್ಟಗಿಯ ಜಿಲಾನಸಾಬ ಸಂಜೆ ನಿಮ್ಮ ಕಡೆಗೇ ಹೋಗುವವನಿದ್ದಾನೆ, ಅವನ ಕೈಯಲ್ಲಿ ಕಳಿಸುತ್ತೇನೆ. ಅವನು ಯಾರು, ನಮ್ಮ ಮನೆಗೆ ಏಕೆ ಬಂದಿದ್ದಾನೆ ಎಂಬುದು ಮುಂದೆ ಬರುತ್ತದೆ.

ಕೂಸು ಭವಾನಿಯ ವಿಷಯ ನನಗೆ ಗೊತ್ತಾಗಿದೆ. ನಿನ್ನ ಗಂಡ ಶರಣಬಸವನ ಮೇಲೆ ಸಿಟ್ಟಾಗಬೇಡ. ಹಬ್ಬ ಮುಗಿದ ವಾರ ಇಲಾಖೆಯ ಕೆಲಸಕ್ಕೆ ಕೊಪ್ಪಳಕ್ಕೆ ಬಂದವನು, ಹಾಗೇ ಇಲ್ಲಿಗೆ ಬಂದು ಹೊಸ್ತಿಲ ಹೊರಗೇ ಕೂತ. ಉಡಿಕಿ ಮಾಡಿ ನಿನ್ನನ್ನು ಎರಡನೆಯ ಮನೆಗೆ ಕೊಡುವಾಗ ಸೀರೆ ಉಡಿಸಿ ಕಳಿಸಿದವಳು ನಾನೇ ಆದ್ದರಿಂದ ತಾಯಿಯ ಲೆಕ್ಕ ನನಗೇ ಬಂದಿದೆ, ಅವನು ನನ್ನನ್ನು ಅತ್ತಿ ಎಂದೇ ಕರೆಯುತ್ತಾನೆ. ಕಾಲುವೆಯ ತೂಬು ಕಾಯುವ ನೌಕರಿಯವನು, ಎಷ್ಟು ನೀರು ಬಂದರೂ ಹೆದರದ ಹುಡುಗ, ಅವತ್ತು ಟವೆಲಿನ ಚುಂಗು ಹಿಂಡುತ್ತಾ ಕೂತಿದ್ದ. "ಅತ್ತಿ, ದಿನಾ ನಾಕರ ಸುಮಾರಿಗೆ ಕೂಸು ಗೊಂಬಿ ಆಗಿಬಿಡತೈತ್ರಿ. ಕಣ್ಣ ತೆರದಿರತೈತಿ, ಅಳೂದಿಲ್ಲ, ಹಾಲು ಕುಡಿಯೂದಿಲ್ಲ. ಗಂಗಾವತ್ಯಾಗ ಡಾಕ್ಟರಿಗೆ ತೋರಿಸೀನಿ, ಏನೂ ಇಲ್ಲ ಅಂತಾರ. ರೂಪಾನ್ನ ಕೇಳಿದ್ರ ಗ್ವಾಡಿಗೆ ಮಾರಿ ಮಾಡಿ ನಿಂದರತಾಳ" ಅಂದ. ನಾಲ್ಕು ಗಂಟೆ ಎಂದು ಅವನ ಬಾಯಿಂದ ಬಂದದ್ದೇ ನಾನು ಚಹಾದ ಬಸಿ ಕೆಳಗಿಟ್ಟೆ. ಪಾಪ, ಅವನಿಗೇನು ಗೊತ್ತು. ನೀನು ಹೇಳಿಲ್ಲ, ನಾನೂ ಹೇಳಿಲ್ಲ.

ನಿನಗೆ ಗೊತ್ತಿರುವುದನ್ನೇ ಒಮ್ಮೆ ಬರೆಯುತ್ತೇನೆ ಮಗಳೇ. ಅತ್ತೆ ಸೊಸೆ ಒಂದೇ ಚಾಪೆಯಲ್ಲಿ ಮಲಗಿ ಅತ್ತೆವು, ಆದರೆ ಇದನ್ನು ಬಾಯಿಬಿಟ್ಟು ಆಡಲಿಲ್ಲ. ಅವತ್ತು ಏಪ್ರಿಲ್ ಬಿಸಿಲು. ನನ್ನ ಮಗ ಸುಭಾಷ ಕೊಪ್ಪಳದ ತನ್ನ ಮೋಟಾರು ರಿಪೇರಿ ಅಂಗಡಿಯಿಂದ ಬೇಗ ಬರುತ್ತೇನೆಂದಿದ್ದ. ನಾಲ್ಕು ಹೊಡೆಯಿತು, ನೀನು ಚಹಾಕ್ಕೆ ಹಾಲಿಟ್ಟೆ. ಬೇವಿನ ಮರದ ತಿರುವಿನಲ್ಲಿ ಬೈಕಿನ ಸಪ್ಪಳ ಬಂತು, ಅವನ ರೂಢಿಯಂತೆ ಎರಡು ಸಲ ಹಾರ್ನು, ಆಮೇಲೆ ಸಪ್ಪಳ ನಿಂತಿತು. ಬೈಕು ಮನೆ ಮುಂದೆ ಬರಲಿಲ್ಲ. ನಿನ್ನ ಮಾವ ಗರುಡನ ಗೊಂಬೆಗೆ ರೆಕ್ಕೆ ಕೂಡಿಸುತ್ತಿದ್ದವರು ತಲೆ ಎತ್ತದೆ "ಬರ್ತಾನ ಬಿಡವಾ, ಯಾರ ಜೋಡಿನೋ ಮಾತಾಡಾಕ ನಿಂತಿರಬೇಕು" ಅಂದರು. ನಾವು ಮೂವರೂ ಕಾದೆವು. ನೀನು ಹಾಲು ಇಳಿಸಿದೆ, ಮತ್ತೆ ಇಟ್ಟೆ, ಮತ್ತೆ ಇಳಿಸಿದೆ. ನಾನು ಮಂಡಕ್ಕಿ ಒಗ್ಗರಣೆ ಹಾಕಿ ಅವನಿಗೆಂದು ತಟ್ಟೆ ಮುಚ್ಚಿಟ್ಟೆ. ಎಮ್ಮೆ ಹೊಡೆದುಕೊಂಡು ಬಂದ ಓಣಿಯ ಸೈದಾನಬಿ ಬಾಗಿಲಲ್ಲಿ ನಿಂತು ಸೆರಗು ಬಾಯಿಗಿಟ್ಟುಕೊಂಡಾಗ ಐದಾಗುತ್ತಾ ಬಂದಿತ್ತು. ಬೈಕು ಮರಕ್ಕೆ ಒರಗಿತ್ತು, ಅವನು ಬೈಕಿನ ಮೇಲೆ ಒರಗಿದ್ದ. ಎದೆ ನಿಂತು ಬಹಳ ಹೊತ್ತಾಗಿತ್ತು. ಆ ದಾರಿಯಲ್ಲಿ ಹೋದ ಒಬ್ಬಿಬ್ಬರು ಫೋನು ನೋಡುತ್ತಿದ್ದಾನೆ ಅಂದುಕೊಂಡಿದ್ದರಂತೆ. ಇದರಲ್ಲಿ ಯಾರ ತಪ್ಪೂ ಇಲ್ಲ, ಬೈಯಲೂ ಒಬ್ಬರಿಲ್ಲ.

ಮರುದಿನದಿಂದ ಈ ಮನೆಯಲ್ಲಿ ಆ ಹೊತ್ತು ಕೆಟ್ಟಿತು. ನಾಲ್ಕಾದರೆ ಗಡಿಯಾರದ ಮುಳ್ಳು ನಿಂತಲ್ಲೇ ನಡುಗುತ್ತದೆ. ಹಾಲು ಬಿಸಿಯಾಗುತ್ತದೆ, ಉಕ್ಕುವುದಿಲ್ಲ. ಹಿತ್ತಲ ಕೋಳಿ ಎತ್ತಿದ ಕಾಲನ್ನು ಊರುವುದಿಲ್ಲ. ತಿರುವಿನಲ್ಲಿ ಬೈಕು ಬರುತ್ತದೆ, ಎರಡು ಸಲ ಹಾರ್ನು, ನಿಲ್ಲುತ್ತದೆ. ಸೈದಾನಬಿ ಬಂದು ನಿಂತ ಗಳಿಗೆ ಬಂದಾಗ ಎಲ್ಲವೂ ಒಮ್ಮೆಲೇ ಕದಲುತ್ತದೆ. ಓಣಿಯವರು ಮೊದಲು ಹೆದರಿದರು, ಆಮೇಲೆ ಸೋರುವ ಮಾಳಿಗೆಗೆ ಹೊಂದಿಕೊಂಡಂತೆ ಹೊಂದಿಕೊಂಡರು. "ನಾಕರಾಗ ಅವರ ಮನಿಗೆ ಸಕ್ರಿ ಕೇಳಾಕ ಹೋಗಬ್ಯಾಡ್ರಿ" ಎಂದು ಮಕ್ಕಳಿಗೆ ಹೇಳಿಕೊಡುತ್ತಾರೆ. ನೀನು ದಿನಾ ಒಲೆಯ ಮುಂದೆ ಕೈಯಲ್ಲಿ ಇಕ್ಕಳ ಹಿಡಿದು ಕಲ್ಲಾಗಿ ನಿಲ್ಲುವುದನ್ನು ನೋಡಲಾರದೆ, ವರ್ಷ ತುಂಬಿದ ಮೇಲೆ, ನಿನ್ನ ಅಪ್ಪ ಅಣ್ಣಂದಿರಿಗಿಂತ ಮೊದಲು ನಾನೇ ಉಡಿಕಿಯ ಮಾತು ತೆಗೆದೆ. ಆ ಹೊತ್ತಿನಿಂದ ನಿನ್ನನ್ನು ಬಿಡಿಸಿದೆ ಎಂದುಕೊಂಡಿದ್ದೆ. ನೀನು ಅದನ್ನೂ ಸೀರೆಯ ಗಂಟಿನಲ್ಲಿ ಕಟ್ಟಿಕೊಂಡು ಹೋಗಿದ್ದೀ. ಈಗ ಅದು ನಿನ್ನ ಕೂಸಿನ ಮೈಗೆ ಹತ್ತಿದೆ.

ಜಿಲಾನಸಾಬನ ಬಟ್ಟಲಿನ ಸುದ್ದಿ ನಾನು ಬಹಳ ಹಿಂದೆ ಕೇಳಿದ್ದೆ, ನಂಬಿರಲಿಲ್ಲ. ಅವನ ಹಿರಿಯರು ನಿಜಾಮರ ಕಾಲದಲ್ಲಿ ಯಲಬುರ್ಗಾದ ಕಚೇರಿಯ ಮುಂದೆ ಗಂಟೆ ಹೊಡೆಯುತ್ತಿದ್ದರಂತೆ. ಹಿಂದಿನವರು ಮುಹೂರ್ತ ನೋಡಲು ನೀರಿನಲ್ಲಿ ತೇಲಿಬಿಡುತ್ತಿದ್ದ ಗಳಿಗೆ ಬಟ್ಟಲು ತಾಮ್ರದ್ದು, ತಳದಲ್ಲಿ ತೂತು, ತುಂಬಿದರೆ ಮುಳುಗುತ್ತಿತ್ತು. ಇವನದು ಕಟ್ಟಿಗೆಯದು. ನಿನ್ನ ಮಾವ ಗೊಂಬೆ ಕೆತ್ತುವ ಹಗುರ ಕಟ್ಟಿಗೆಯೇ, ಹಿಂದೆ ಯಾರೋ ಕಿನ್ನಾಳದವರೇ ಮಾಡಿಕೊಟ್ಟದ್ದಂತೆ. ತಳದಲ್ಲಿ ಕೂದಲೆಳೆಯಷ್ಟು ಒಡಕು. ಬೇರೆ ಕಡೆ ನೀರಿಗೆ ಬಿಟ್ಟರೆ ಬರೀ ತೇಲುತ್ತದೆ, ಹೊತ್ತು ಕೆಟ್ಟ ಮನೆಯಲ್ಲಿ ಮಾತ್ರ ಕಲ್ಲಿನಂತೆ ತಳ ಕಾಣುತ್ತದೆ. ಮತ್ತೆ ತಾನಾಗಿ ಮೇಲೆ ಬಂದರೆ ಹೊತ್ತು ರಿಪೇರಿ ಆಯಿತೆಂದು ಲೆಕ್ಕ. ಹನುಮನಹಳ್ಳಿಯಲ್ಲಿ ಒಬ್ಬಾಕೆಗೆ ಮದುವೆ ಮುರಿದ ಬೆಳಗೊಂದು ಎಷ್ಟೋ ವರ್ಷದಿಂದ ದಿನಾ ತಿರುಗಿ ಬರುತ್ತಿತ್ತಂತೆ, ಈಗ ಅದೇ ಹೊತ್ತಿಗೆ ಬೆಟ್ಟ ಹತ್ತುವ ಯಾತ್ರಿಕರಿಗೆ ಚಹಾ ಮಾರುತ್ತಾಳಂತೆ. ಶರಣಬಸವ ಹೋದ ಮೇಲೆ ನಾನೇ ಜಿಲಾನಸಾಬನನ್ನು ಕರೆಸಿದೆ. ಅವನು ಮೊದಲೇ ಕರಾರು ಹೇಳಿದ. ಹೊತ್ತು ಒಡೆದ ಮನೆಯಲ್ಲೇ ಬಟ್ಟಲು ಬಿಡಬೇಕು, ಇಲ್ಲಿ ಸರಿಯಾದರೆ ಅದರ ಚೂರು ಎಲ್ಲಿ ಹೋಗಿದ್ದರೂ ಸರಿಯಾಗುತ್ತದೆ. ಇನ್ನೊಂದು ಮಾತನ್ನು ಅವನು ನಿನ್ನ ಮಾವನ ಮುಖ ನೋಡಿ ಹೇಳಿದ: "ಆದ್ರ ಕಾಕಾ, ಹೊತ್ತಿನ ಜೋಡಿ ಅದರಾಗಿಂದೂ ಹೋಕ್ಕೈತಿ. ಸಪ್ಪಳಾನೂ ಉಳಿಯಾಂಗಿಲ್ಲ ನೋಡ್ರಿ." ನಿನ್ನ ಮಾವ ಬೀಡಿ ಹಚ್ಚಿಕೊಂಡರು. ಜಿಲಾನಸಾಬ ಬಟ್ಟಲನ್ನು ನಮ್ಮಲ್ಲೇ ಬಿಟ್ಟು, ನಾಡಿದ್ದು ಬರುತ್ತೇನೆಂದು ಕೊಪ್ಪಳದ ಬೀಗರ ಮನೆಗೆ ಹೋದ.

ಈಗ ನಿನ್ನ ಮಾವನ ಪರಾಕ್ರಮ ಕೇಳು. ಹೇಳಿದ ದಿನ ಜಿಲಾನಸಾಬ ಬಂದ, ನಾನು ಅಂಗಳದಲ್ಲಿ ಕೊಪ್ಪರಿಗೆ ತುಂಬಿಸಿದ್ದೆ, ನಾಲ್ಕಕ್ಕೆ ಮೊದಲು ಬಟ್ಟಲು ಬಿಟ್ಟೆವು. ಅದು ಬಾತುಕೋಳಿಯ ಹಾಗೆ ತೇಲಿತು. ತಿರುವಿನ ಸಪ್ಪಳ ಬಂತು, ನಿಂತಿತು, ಮುಳ್ಳು ನಡುಗಿತು, ಬಟ್ಟಲು ಮಾತ್ರ ಸುಖವಾಗಿ ತಿರುಗುತ್ತಾ ಇತ್ತು. ಹೊತ್ತು ಕಳೆದ ಮೇಲೆ ಜಿಲಾನಸಾಬ ಅದನ್ನು ತೆಗೆದು ಬೋರಲು ಮಾಡಿದ. ತಳದಲ್ಲಿ ಒಡಕೇ ಇಲ್ಲ! ಹುಣಸೆ ಬೀಜದ ಅಂಟು, ಕಟ್ಟಿಗೆ ಪುಡಿ, ಗೋಣಿ ನಾರು ಕುಟ್ಟಿ ಗೊಂಬೆಯ ಸಂದು ಮುಚ್ಚುವ ಕಿಟ್ಟವನ್ನು ನಿನ್ನ ಮಾವ ಅದಕ್ಕೆ ಮೆತ್ತಿದ್ದರು. ಮೇಲೆ ಕೆಂಪು ಬಣ್ಣ, ಹಸಿರು ಬಳ್ಳಿ, ಬಳ್ಳಿಗೊಂದು ಗಿಳಿ. "ಕಾಕಾ, ಏನ ಮಾಡೀರಿ? ಒಡಕಾ ಅಂದ್ರ ಅದರ ಬಾಯಿ ಅಲ್ಲೇನ್ರಿ!" ಎಂದು ಅವನು ಬಾಯಿ ಬಡಿದುಕೊಂಡರೆ, ಇವರು "ಒಡಕ ವಸ್ತು ಮನಿಯಾಗ ಇಟಗೊಂಡು ಹ್ಯಾಂಗ ಕೂಡ್ಲಿ? ಮಂದಿ ಸಾಮಾನು, ಹಂಗ ವಾಪಸ ಕೊಡಾಕ ಕೈ ಕೇಳಲಿಲ್ಲ" ಅಂದರು. ಊರೆಲ್ಲ ನಕ್ಕಿತು. ಇದು ಕಿನ್ನಾಳದವರೇ ಮಾಡುವ ತಪ್ಪು, ಗಿಡ್ಡಪ್ಪ ರಿಪೇರಿ ಯಂತ್ರವನ್ನೇ ರಿಪೇರಿ ಮಾಡಿದ ಎಂದು ಇಂದಿಗೂ ನಗುತ್ತಾರೆ. ನಾನು ನಗಲಿಲ್ಲ. ಗಂಡನ ಕೈ ರೂಢಿಯಿಂದ ಮಾಡಿದ್ದು ಯಾವುದು, ಮನಸ್ಸಿಟ್ಟು ಮಾಡಿದ್ದು ಯಾವುದು ಎಂದು ನನಗೆ ತಿಳಿಯದೇ? ಒಳಗೂ ಹೊರಗೂ ಅರಿವೆ ಅಂಟಿಸಿ ಕಿಟ್ಟ ತುಂಬಿದ್ದರು. ದೇವರ ಮೂರ್ತಿಗೂ ಅಷ್ಟು ಭದ್ರ ಮಾಡುವುದಿಲ್ಲ.

ಜಿಲಾನಸಾಬ ಒಳ್ಳೆಯವನು, ಜಗಳಾಡದೆ ಬಟ್ಟಲು ಇಲ್ಲೇ ಬಿಟ್ಟುಹೋದ. ಕಿಟ್ಟ ಹಾಕಿದ ಕೈಯೇ ಅದನ್ನು ತೆಗೆಯಬೇಕು, ಬೇರೆಯವರು ಉಳಿ ಇಟ್ಟರೆ ಬಟ್ಟಲೇ ಸೀಳುತ್ತದೆ ಅಂದ. ಮನೆಯಲ್ಲಿ ನಮಗಿಬ್ಬರಿಗೂ ಮಾತು ನಿಂತಿತು. ಅಡುಗೆಯಾಯಿತು ಎಂದು ಬೆಕ್ಕಿಗೆ ಹೇಳುತ್ತಿದ್ದೆ, ಅವರು ಬಂದು ಕೂಡುತ್ತಿದ್ದರು. ಒಂದು ದಿನ ತಡೆಯಲಾರದೆ, ಹಸುಗೂಸು ಕಣ್ಣು ಬಿಟ್ಟುಕೊಂಡು ಕಟ್ಟಿಗೆಯಾಗಿ ಮಲಗುತ್ತದೆ, ನಿಮಗೆ ಕರುಳಿಲ್ಲವೇ ಎಂದು ಕೂಗಾಡಿದೆ. "ಆ ಕೂಸಿಗೂ ನಮಗೂ ಏನ ಸಂಬಂಧ?" ಅಂದರು. ಆಮೇಲೆ ಗೋಡೆ ನೋಡುತ್ತಾ, ಬಹಳ ಮೆಲ್ಲಗೆ, "ಮಗಾ ದಿನಾ ತಿರುವಿನ ತನಕಾ ಬರ್ತಾನ. ಅಷ್ಟರ ಬರಲಿ ಬಿಡು" ಅಂದರು. ರೂಪಾ, ಅವನನ್ನು ಹೆತ್ತವಳು ನಾನು. ನಾಲ್ಕಾದರೆ ಅವರು ಕಟ್ಟೆಯ ಮೇಲೆ ಹೋಗಿ ಕೂಡುವುದನ್ನು ನೋಡಿದ್ದೀ. ನಾನು ಒಳಗೆ ಕಂಬದ ಹಿಂದೆ ನಿಲ್ಲುತ್ತೇನೆ, ಅಷ್ಟೇ ವ್ಯತ್ಯಾಸ.

ಕಳೆದ ಸೋಮವಾರ ಅನುಸೂಯಾ ಮತ್ತು ಶರಣಬಸವ ಕೂಸನ್ನು ಕೊಪ್ಪಳದ ಡಾಕ್ಟರಿಗೆ ತೋರಿಸುತ್ತೇವೆಂದು ನಿನಗೆ ಹೇಳಿ ಹೊರಟರಲ್ಲ, ತೋರಿಸಿದ್ದು ನಿಜ. ಅಲ್ಲಿಂದ ನನ್ನ ಮಾತಿಗೆ ಇಲ್ಲಿಗೆ ಬಂದದ್ದನ್ನು ಮಾತ್ರ ನಿನಗೆ ಹೇಳಲಿಲ್ಲ. ನೀನು ಈ ಓಣಿಗೆ ಕಾಲಿಡಲಾರೆ ಎಂದು ಅವರಿಗೆ ಗೊತ್ತು. ಅನುಸೂಯಾ ಕಟ್ಟೆ ಹತ್ತಿದವರೇ "ಹಿಡೀರಿ ಅಣ್ಣಾ, ನನ್ನ ಮಣಕಾಲು ಸತ್ತಾವು" ಎಂದು ಕೂಸನ್ನು ನಿನ್ನ ಮಾವನ ತೊಡೆಯ ಮೇಲೆ ಇಟ್ಟೇಬಿಟ್ಟರು. ಇಟ್ಟ ಕೂಸನ್ನು ಯಾರು ನೆಲಕ್ಕೆ ಹಾಕುತ್ತಾರೆ? ಹಿಡಿದರು. ಭವಾನಿ ಅವರ ಬೆರಳಿನ ಕೆಂಪು ಬಣ್ಣ ತನ್ನ ಗಲ್ಲಕ್ಕೆ ಮೆತ್ತಿಕೊಂಡಳು, ಮೀಸೆ ಹಿಡಿದು ಜಗ್ಗಿದಳು, ಅವರು "ಹಲಕಟ್ಟ ಹುಡುಗಿ" ಅಂದದ್ದು ಕೇಳಿ ನನಗೆ ಮೈ ಜುಂ ಅಂದಿತು. ಆ ದನಿ ಈ ಮನೆಯಲ್ಲಿ ಕೇಳಿ ಬಹಳ ದಿನವಾಗಿತ್ತು. ಆಮೇಲೆ ನಾಲ್ಕಾಯಿತು. ಜಗ್ಗುತ್ತಿದ್ದ ಕೈ ಮೀಸೆಯಲ್ಲೇ ನಿಂತಿತು. ಬಾಯಿ ಅರ್ಧ ತೆರೆದಿತ್ತು, ನಗು ಅಲ್ಲೇ ಉಳಿದಿತ್ತು. ಬದುಕಿಡೀ ಗೊಂಬೆಗೆ ಕಣ್ಣು ಬರೆದ ಮನುಷ್ಯ ಆ ಕಣ್ಣನ್ನು ನೋಡಿದರು. ತಿರುವಿನಲ್ಲಿ ಬೈಕು ಬಂತು. ಎರಡು ಸಲ ಹಾರ್ನು. ಇಷ್ಟು ವರ್ಷದಲ್ಲಿ ಅವರು ಆ ಸಪ್ಪಳಕ್ಕೆ ಎದ್ದು ನಿಲ್ಲದ ದಿನವಿಲ್ಲ. ಅವತ್ತು ಏಳಲಿಲ್ಲ. ತಿರುಗಿ ಸಹ ನೋಡಲಿಲ್ಲ. ಕೂಸಿನ ಮೂಗಿನ ಹತ್ತಿರ ಬೆರಳಿಟ್ಟು ಉಸಿರು ನೋಡುತ್ತಾ, "ಏಳವ್ವಾ, ಏಳ ನಮ್ಮವ್ವಾ" ಎನ್ನುತ್ತಾ ತೊಡೆ ಅಲುಗಾಡಿಸುತ್ತಾ ಕೂತರು. ಹೊತ್ತು ಕದಲಿದ ಮೇಲೆ ಭವಾನಿ ಕಿರ್ರನೆ ಅತ್ತಳು, ಅವರೂ ಅತ್ತರು. ಸಾವಿನ ದಿನವೂ ನಾನು ಅವರ ಅಳು ಕೇಳಿರಲಿಲ್ಲ. "ಇದು ನಮ್ಮನಿ ಹೊತ್ತು. ಇದನ್ನ ಈ ಕೂಸ ಯಾಕ ಹೊರಬೇಕು?" ಎಂದು ಶರಣಬಸವನನ್ನು ಕೇಳಿದರು, ಅವನೇ ಹೊರಿಸಿದ ಹಾಗೆ.

ಮಂಗಳವಾರ ಬೆಳಿಗ್ಗೆ ಎದ್ದು ನೋಡಿದರೆ ಉಳಿ ಹಿಡಿದು ಕೂತಿದ್ದರು. ಗಿಳಿ ಹೋಯಿತು, ಬಳ್ಳಿ ಹೋಯಿತು, ಕಿಟ್ಟವನ್ನು ಸೂಜಿಯ ಮೊನೆಯಿಂದ ಒಂದೊಂದೇ ಕಣ ಬಿಡಿಸಿದರು. ಮಧ್ಯಾಹ್ನ ಬಟ್ಟಲನ್ನು ಬೆಳಕಿಗೆ ಹಿಡಿದು ನನಗೆ ಒಡಕನ್ನು ತೋರಿಸಿದರು. ಜಿಲಾನಸಾಬನಿಗೆ ಅವರೇ ಫೋನು ಮಾಡಿ ಬಾರಪ್ಪಾ ಅಂದರು. ಅವನು ಈಗ ನಮ್ಮ ಕಟ್ಟೆಯ ಮೇಲೆ ಕೂತು ಚಹಾ ಕುಡಿಯುತ್ತಿದ್ದಾನೆ. ನೀನು ಹುಣಸೆಹಣ್ಣು ಹಚ್ಚಿ ಬೆಳಗುತ್ತಿದ್ದ ಕೊಪ್ಪರಿಗೆಯಲ್ಲಿ ನೀರು ತುಂಬಿಸಿದ್ದೇನೆ. ಇನ್ನು ಸ್ವಲ್ಪ ಹೊತ್ತಿಗೆ ನಾಲ್ಕು.

ಸಿದ್ದಾಪುರದಲ್ಲಿ ನಿನಗೂ ಆ ಸಪ್ಪಳ ಕೇಳಿಸುತ್ತದೆ ಎಂದು ನನಗೆ ಗೊತ್ತು. ನೀನು ಹೇಳಬೇಕಾಗಿಲ್ಲ. ಗೋಡೆಗೆ ಮುಖ ಮಾಡಿ ನಿಲ್ಲುತ್ತಾಳೆ ಅಂದಾಗಲೇ ತಿಳಿಯಿತು, ಯಾರ ಕಣ್ಣಿಗೂ ಬೀಳದಂತೆ ಕೇಳಿಸಿಕೊಳ್ಳುತ್ತೀ. ನಿನ್ನ ಪಾಲಿನದನ್ನೂ ಇವತ್ತು ನಾವು ನಿನ್ನನ್ನು ಕೇಳದೆ ನೀರಿಗೆ ಬಿಡುತ್ತಿದ್ದೇವೆ. ಕೇಳಿದ್ದರೆ ನೀನು ಬೇಡ ಅನ್ನುತ್ತಿದ್ದೆ, ಆಮೇಲೆ ಕೂಸಿನ ಮುಖ ನೋಡಲಾರದೆ ಸಾಯುತ್ತಿದ್ದೆ. ಹೂಂ ಅಂದಿದ್ದರೆ ಗಂಡನನ್ನು ಎರಡನೆಯ ಸಲ ಕಳಿಸಿದೆ ಎಂದು ಬದುಕಿಡೀ ಕೊರಗುತ್ತಿದ್ದೆ. ಎರಡೂ ಬೇಡ. ಆ ಭಾರ ನಮ್ಮಿಬ್ಬರ ಮೇಲಿರಲಿ, ಮುದುಕರ ಬೆನ್ನು ಹೇಗೂ ಬಾಗಿದೆ. ಸಿಟ್ಟು ಬಂದರೆ ನನ್ನ ಮೇಲೆ ಮಾಡು, ಶರಣಬಸವನ ಮೇಲೆ ಬೇಡ. ಎಳ್ಳ ಅಮಾವಾಸ್ಯೆಗೆ ಶೇಂಗಾ ಹೋಳಿಗೆ ಮಾಡಿ ಕಳಿಸುತ್ತೇನೆ. ಅದನ್ನಾದರೂ ಹಂಚದೆ ತಿನ್ನು.

ಅನುಸೂಯಾ ಅವರಿಗೆ ನನ್ನ ಶರಣು ಹೇಳು, ಶರಣಬಸವನಿಗೆ ಆಶೀರ್ವಾದ. ಭವಾನಿಯ ಎರಡೂ ಗಲ್ಲಕ್ಕೆ ಅಜ್ಜಿಯ ಮುತ್ತು, ಕೆಂಪು ಬಣ್ಣ ಹತ್ತಿದ ಗಲ್ಲಕ್ಕೆ ಅಜ್ಜನದೂ ಒಂದು. ನೀನು ಹೊಟ್ಟೆ ತುಂಬ ಉಂಡು, ಕಣ್ಣು ತುಂಬ ಮಲಗಿ, ನೂರು ಕಾಲ ಬಾಳು ಮಗಳೇ.

ನಿನ್ನ ಅತ್ತೆ,
ಸುಂಕಲಮ್ಮ

ತಾ.ಕ.: ಜಿಲಾನಸಾಬ ಬಸ್ಸು ತಪ್ಪುತ್ತದೆಂದು ಗಡಿಬಿಡಿ ಮಾಡುತ್ತಿದ್ದಾನೆ, ಅಕ್ಷರ ಸೊಟ್ಟಗಾದರೆ ಓದಿಕೋ. ಬಟ್ಟಲು ಮುಳುಗಿತು. ಎರಡು ಸಲ ಹಾರ್ನು ಆಯಿತು. ನಿನ್ನ ಮಾವ ಬಾಗಿಲಲ್ಲಿ ನಿಂತಿದ್ದರು. ಮನೆಯಿಂದ ಹೊರಟವರಿಗೆ ನಾವು ಯಾರೂ ಹೋಗು ಅನ್ನುವುದಿಲ್ಲವಲ್ಲ, ಹೋಗಿ ಬಾ ಅನ್ನುತ್ತೇವೆ. ಅವರು "ಇನ್ನ ಹೋಗಪಾ ತಮ್ಮಾ" ಅಂದರು. ಸಪ್ಪಳ ಈ ಸಲ ಮರದ ಹತ್ತಿರ ನಿಲ್ಲಲಿಲ್ಲ, ತಿರುವು ದಾಟಿ ದೂರ ಹೋಯಿತು. ಬಟ್ಟಲು ಮೇಲೆ ಬಂತು. ಒಲೆಯ ಮೇಲೆ ಹಾಲಿಟ್ಟದ್ದು ಮರೆತೇಹೋಗಿತ್ತು, ಉಕ್ಕಿ ನೆಲಕ್ಕೆಲ್ಲ ಹರಿದಿದೆ, ಒರೆಸದೆ ಬಂದು ಬರೆಯುತ್ತಿದ್ದೇನೆ. ನಾಳೆ ನಾಲ್ಕಕ್ಕೆ ಭವಾನಿ ಹಸಿವಾಗಿ ಅಳುತ್ತಾಳೆ. ನೀನು ಸಪ್ಪಳಕ್ಕೆ ಕಿವಿಗೊಟ್ಟು ಗೋಡೆಯ ಹತ್ತಿರ ನಿಲ್ಲಬೇಡ ಮಗಳೇ, ಅದು ಬರುವುದಿಲ್ಲ. ಕೂಸನ್ನು ಎತ್ತಿಕೋ.